ಮೂರು ಕಾಲಿನ ಕುರ್ಚಿ

ಪಿರಿತಾ ಕಡಲದಂಡೆಯ ಮರಳು ಅದು.
ತೊಳೆದು, ಜರಡಿ ಹಿಡಿದು, ಬಾಣಲೆಯಲ್ಲಿ ಹುರಿದು
ಹಾಲಿನ ಕ್ಯಾನಿಗೆ ತುಂಬಿ ತರುತ್ತಿದ್ದಳು ಹೆಲ್ವೆ,
ಟ್ರಾಮು ಹತ್ತಿ, ತಾಲಿನ್ನಿನ ಆ ನೆಲಮಾಳಿಗೆಗೆ.

ಗಾಜಿನ ಅಡಿಯಲ್ಲಿ ದೀಪ. ಗಾಜಿನ ಮೇಲೆ ಮರಳು.
ನೆತ್ತಿಯ ಮೇಲೆ ಕ್ಯಾಮೆರಾ. ಗುಂಡಿ ಒತ್ತುವವ ನಾನು.
ಕಿರುಬೆರಳಲ್ಲಿ ಗೆರೆಯೊಂದ ಸರಿಸುವಳು: "ಒತ್ತು, ಎಂದೆಲ್."
ಟಕ್.
ಮತ್ತೆ ಕೂದಲೆಳೆಯಷ್ಟು.
ಟಕ್.
ಕತ್ತು ಮುರಿದು ದುಡಿದರೆ ದಿನಕ್ಕೆ ಎರಡು ಸೆಕೆಂಡು.
ಕುರ್ಚಿ ಕುಂಟುತ್ತ ಬಾಗಿಲು ಮುಟ್ಟುವುದಕ್ಕೇ
ಫೆಬ್ರವರಿ ಮುಗಿಯಿತು.

ಮುಂದಿನ ಚಿತ್ರ ಹುಟ್ಟಲು ಹಿಂದಿನದು ಅಳಿಯಬೇಕು;
ಸಾಕ್ಷಿ ಕೇಳಿದರೆ, ಸಂಜೆಗೆ, ಒಂದು ಕ್ಯಾನು ಮರಳು.

ಮಾತಿಲ್ಲ ಅದರಲ್ಲಿ. ಒಂದು ಕುರ್ಚಿ, ಮೂರೇ ಕಾಲು.
ನಾಲ್ಕನೆಯದ ಹುಡುಕಿ ಹೊರಡುತ್ತದೆ,
ಸೇತುವೆಯಾಗುತ್ತದೆ, ಬಾಚಣಿಗೆಯಾಗುತ್ತದೆ, ಹಸು,
ಹಸುವಿನ ಹೊಟ್ಟೆಯೊಳಗೆ ಕಿಟಕಿ,
ಕಡೆಗೆ ಒಬ್ಬ ಹೆಂಗಸು. ಅವಳು ಕೂರುತ್ತಾಳೆ
ಏನೂ ಇಲ್ಲದ್ದರ ಮೇಲೆ.

ಮಾಸ್ಕೋದಿಂದ ಬಂದರು ಗೆನ್ನಾಡಿ ಲ್ವೋವಿಚ್,
ತೊಗಲಿನ ಚೀಲ, ನೆಗಡಿಯ ಮೂಗು.
ನಾಲ್ಕು ನಿಮಿಷದ್ದನ್ನು ನಾಲ್ಕು ಸಲ ನೋಡಿದರು.
"ಆ ಇಲ್ಲದ ಕಾಲು ಯಾರು?"
"ಕಾಲು," ಅಂದಳು ಹೆಲ್ವೆ.
"ಹಸು ಅಂದರೆ ಪಕ್ಷವೋ?"
"ಹಸು ಅಂದರೆ ಹಾಲು."
"ಕಿಟಕಿಯ ಮುಖ ಯಾವ ಕಡೆಗೆ? ಪಶ್ಚಿಮಕ್ಕೋ?"
ಹೆಲ್ವೆ ಸುತ್ತ ನೋಡಿದಳು.
ನೆಲಮಾಳಿಗೆಗೆ ಕಿಟಕಿಯೇ ಇರಲಿಲ್ಲ.

ಬರೆದುಕೊಂಡರು, ಒಂದು ಪುಟ, ಎರಡು, ಏಳು.
ನಾವು ಮಾಡದ ಚಿತ್ರವೊಂದು ಅವರ ಪುಸ್ತಕದಲ್ಲಿ
ನಮ್ಮದಕ್ಕಿಂತ ಚೆನ್ನಾಗಿ ಓಡುತ್ತಿತ್ತು:
ಬೇಲಿ, ಗಡಿಪಾರು, ರಾತ್ರಿಯ ರೈಲು, ಹಿಮ.
(ಸುಳ್ಳೇಕೆ, ನನಗೂ ಹಾಗೇ ಕಂಡಿತ್ತು.
ಹೆಲ್ವೆಯ ಅಕ್ಕ ಆ ರೈಲಿನಲ್ಲಿ ಹೋದವಳು.)

ಹೊರಡುವಾಗ, ಕೋಟಿನ ಗುಂಡಿ ಹಾಕುತ್ತ,
ಗೋಡೆಗೆ ಹೇಳುವಂತೆ ಹೇಳಿದರು:
"ನಮ್ಮಮ್ಮನೂ ಹೀಗೇ ಕೂರುತ್ತಿದ್ದಳು,
ಯುದ್ಧದ ಚಳಿಗೆ ಕುರ್ಚಿಗಳ ಸುಟ್ಟ ಮೇಲೆ."
ಚಿತ್ರಕ್ಕೆ ಅನುಮತಿ ಸಿಗಲಿಲ್ಲ.

ಎಷ್ಟು ವರ್ಷಗಳಾದವೋ. ದೇಶವೇ ಬೇರೆ ಈಗ.
ಬಂದರಿನ ಕೆಫೆಯಲ್ಲಿ ಸಿಕ್ಕಳು, ಕನ್ನಡಕ ದಪ್ಪಗಾಗಿದೆ.
"ಇನ್ನಾದರೂ ಹೇಳು ಮಾರಾಯ್ತಿ, ಆ ಕಾಲು?"
ತುಟಿ ಪಿಟ್ಟೆನ್ನಲಿಲ್ಲ.
ಮೇಜಿಗೆ ಚೆಲ್ಲಿದ ಸಕ್ಕರೆಯನ್ನು
ಕಿರುಬೆರಳಲ್ಲಿ ಚೂರು ಸರಿಸಿದಳು.

ನನ್ನ ಹೆಬ್ಬೆರಳು ತಾನಾಗಿ ಅದುರಿತು:
ಟಕ್.