ಗಿದ್ನ

ಡಾಕ್ಟರು ಚೀಟಿಯ ಹಿಂದ ಬರದಾರ:
ಎಣ್ಣಿ ಕಡಿಮಿ ಮಾಡ್ರಿ.
ಎಷ್ಟು ಕಡಿಮಿ ಅಂತ ಬರದಿಲ್ಲ.
ಸೊಸಿ ಶೈಲಾ ಒಲಿ ಮುಂದ ನಿಂತು ಕೇಳತಾಳ,
'ಮಾಮಾ, ವಾರಕ್ಕ ನಿಮಗ ಎಷ್ಟು ಮಿಲಿ?'
ಬಾಯಿಗೆ ಬಂದದ್ದು ಒಂದ ಮಾತು:
'ಒಂದು ಗಿದ್ನ.'
ಆಕಿ ಮೊಬೈಲಿನ್ಯಾಗ ಹುಡುಕಿದಳು.
ಗಿಡ ಬಂತು, ಗಿಣಿ ಬಂತು,
ಗಿದ್ನ ಬರಲಿಲ್ಲ.

ಹೇಳೂದು ಹ್ಯಾಂಗ?
ಮೂವತ್ತೊಂದು ವರ್ಷ ಅಳತಿ-ತೂಕದ ಖಾತೆಯಾಗ ಇದ್ದವ ನಾನು.
ಜಮಖಂಡಿ ತಾಲೂಕಿನ ತಕ್ಕಡಿಗಳೆಲ್ಲ
ನನ್ನ ಜೀಪಿನ ಸಪ್ಪಳಕ್ಕ ನೆಟ್ಟಗ ನಿಲ್ಲತಿದ್ದವು.
ಸೇರು, ಪಾವು, ಚಟಾಕು, ಕಂಡದ್ದನ್ನೆಲ್ಲ
ಗೋಣಿಚೀಲದಾಗ ತುಂಬಿ ತಂದೆ.
ಗಿದ್ನ ಅಂದ್ರ ಎಷ್ಟಂತ ಆಗ ನಾನೂ ಕೇಳಿದ್ದೆ:
ಅರ್ಧ ಪಾವು ಅಂದ ಒಬ್ಬ ಅಂಗಡಿಯವ,
ಪಾವಿನ್ಯಾಗ ಕಾಲು ಅಂದ ಅವನ ತಮ್ಮ,
ಅಣ್ಣ-ತಮ್ಮರ ನಡುವ ಬರೇ ಒಂದು ಗ್ವಾಡಿ.

ರಬಕವಿಯ ನೇಕಾರ ಓಣಿ. ಗಾಣಿಗೇರ ಸಂಕವ್ವನ ಕಟ್ಟಿ.
ಪೀಪಾಯಿಯ ಕಂಠಕ್ಕ ತೂಗಹಾಕಿದ ಹಿತ್ತಾಳಿ ಮಾಪು,
ಉದ್ದನ್ನ ಹಿಡಿಕಿ,
ಹೊಟ್ಟಿ ಮಾತ್ರ ಕೂಸಿನ ಮುಷ್ಟಿಯಷ್ಟು.
ಬಟವಾಡಿ ದಿನ ಸಂಜಿಕ, ಮಗ್ಗ ನಿಂತ ಮ್ಯಾಲೂ
ಓಣಿಯ ಕಿವಿಯಾಗ ಲಾಳಿ ಓಡಾಡತಿರುವಾಗ
ಬಾಟಲಿ ಹಿಡಕೊಂಡು ಹುಡುಗರು ಸಾಲ ಹಚ್ಚತಿದ್ದವು:
'ಗಿದ್ನ ಕುಸಬಿ ಎಣ್ಣಿ, ಯವ್ವಾ.' 'ನಮಗೂ ಗಿದ್ನ.'
ಲೀಟರು ಅನ್ನೂದು ತಿಂಗಳ ಪಗಾರದವರ ಮಾತು.
ವಾರದ ರೊಕ್ಕಕ್ಕ ಗಿದ್ನ.

ಆ ಮಾತು ಎಣ್ಣಿ ಬಿಟ್ಟು ಹೊರಗೂ ಹರದಿತ್ತು.
ದಿನ ತುಂಬದ ಹುಟ್ಟಿದ ಕೂಸು,
'ಗಿದ್ನದಷ್ಟ ಐತಿ, ಉಳೀತೈತಿ ಬಿಡು.'
ರಾತ್ರಿಪಾಳಿಯವ, 'ಗಿದ್ನ ನಿದ್ದಿ ಆತು.'
ಮೂಗಿನ ತುದಿಗೆ ಸಿಟ್ಟಿದ್ದವಗ, 'ಗಿದ್ನದಾಗ ಉಕ್ಕತಾನ.'
ನೀರನ್ನ ಮಾತ್ರ ಗಿದ್ನ ಅಂದದ್ದು ಕೇಳಿಲ್ಲ. ನೀರಿಗೆ ಕೊಡ.
ಅದರಾಗ ನೀರು ಹಾಕಿದ ಮೊದಲನೇ ಮನಶ್ಯಾ
ನಾನ ಇರಬೇಕು.

ದಾವಲಸಾಬ ಗಾಜಿನ ಅಳತಿ ಹಿಡದ. ನಾ ಬಗ್ಗಿಸಿದೆ.
ಕಡಿಮಿ ಬಂತು, ಒಂದು ಚಮಚದಷ್ಟು.
ತಿರುವಿ ನೋಡಿದರ ತಳಾ ಒಳಗ ಉಬ್ಬಿತ್ತು.
'ಅದು ನಮ್ಮತ್ತಿ ಮಾವನ ಮ್ಯಾಲ ಬೀಸಿ ಒಗದದ್ದು, ಸಾಹೇಬ್ರ.
ಮಾವ ತಪ್ಪಿಸಿಕೊಂಡ, ಕಂಬ ಸಿಕ್ಕಿತು.
ಅಂದಿನಿಂದ ನಮ್ಮಲ್ಲಿ ಗಿದ್ನ ಅಂದ್ರ ಇಷ್ಟು. ಮತ್ತ...'
ಮಾಪು ಇನ್ನೊಮ್ಮಿ ಅದ್ದಿ, ನೋಡದನ, ಬಾಟಲಿಗೆ ಬಗ್ಗಿಸಿ,
'ಮತ್ತ ಇದು ಕೊಸರು.'

ನನ್ನ ಫಾರ್ಮಿನಾಗ ಆರು ಕಾಲಂ.
ಕೊಸರಿಗೆ ಕಾಲಂ ಇರಲಿಲ್ಲ.
ಕೊರತಿ ಬರಕೊಂಡೆ. ದಂಡ ಇಪ್ಪತ್ತೈದು ರೂಪಾಯಿ.
ಮುದ್ರಿ ಹೊಡದ ಹೊಸ ಅಳತಿ ಕೊಡಿಸಿದೆ,
ಮಾರಿ ಕಾಣೂವಂಗ ಹೊಳಿಯೂದು.

ಮುಂದಿನ ಸಲ ಹೋದಾಗ ನನ್ನೆದುರಿಗೇ ಅಳದಳು,
ಗೆರಿ ಮಟ. ಒಂದು ಹನಿ ಹೆಚ್ಚಿಲ್ಲ.
ಹುಡುಗ ಬಾಟಲಿ ಚಾಚಿ ಹಂಗ ನಿಂತಿದ್ದ,
ಇನ್ನೂ ಏನೋ ಬರೂದೈತಿ ಅಂತ.
'ಹೋಗಪಾ,' ಅಂದಳು ಸಂಕವ್ವ, 'ಕಾಯ್ದೆ ಇಷ್ಟ.'

ಜಪ್ತಿ ಮಾಲು ಕರಗಸಬೇಕು ಅಂತ ನೇಮ.
ಪಟ್ಟಿಯಾಗ ನೂರಾ ಹನ್ನೆರಡು,
ಮೂಸಿಗೆ ಹೋದದ್ದು ನೂರಾ ಹನ್ನೊಂದು.
ದಾವಲಸಾಬ ಎಣಿಸಿದ. ಮಾತಾಡಲಿಲ್ಲ.

ಅಟ್ಟ ಹತ್ತಿ ಇಳಿಸಿದ್ದನ್ನ
ಶೈಲಾ ಹುಣಸಿಹಣ್ಣು ಹಚ್ಚಿ ತಿಕ್ಕಿದಳು,
ಮೊಮ್ಮಗನ ಔಷಧದ ಮುಚ್ಚಳದಿಂದ ಎಣ್ಣಿ ಅಳದಳು,
ಕ್ಯಾಲೆಂಡರಿನ ಮ್ಯಾಲ ಒಂದು ಅಂಕಿ ಬರದಳು.
ನಾ ಚಾಳೀಸು ಹಾಕಿರಲಿಲ್ಲ.
'ಇಷ್ಟ ಏನ್ರಿ ಮಾಮಾ?'

ಇಷ್ಟ, ಅಂದೆ.
ಮತ್ತೊಂದಿತ್ತು ಅದರ ಮ್ಯಾಲ.
ಯಾವ ಬಾಯಿಲೆ ಕೇಳಲಿ?