ಬಾಗಿದ ಹೂಜಿ

ಅವತ್ತು ಅವನ ಸರದಿಯಲ್ಲ.
ಅರಮನೆಯಲ್ಲಿ ದ್ರಾಕ್ಷಾರಸ ಬಡಿಸುವ ಕ್ಟೆಸನ್‌ಗೆ ಚಳಿಜ್ವರ,
ಬದಲಿಗೆ ಇವನು ಹೋದ.
ಎರಡು ಸೇರು ಬಾರ್ಲಿ, ಮಿಕ್ಕ ಮಾಂಸ ಮನೆಗೆ, ಅಷ್ಟು ಮಾತು.
ಹೊಸಿಲು ದಾಟುತ್ತ ಅಂದ:
ಅಂಜೂರ ಒಂದು ಮಗ್ಗುಲು ಒಣಗಿದೆ, ತಿರುವಿ ಹಾಕು.
ದೊಡ್ಡ ಮಾತಾಡಿ ಹೋಗುವವರು ಹಡಗು ಹತ್ತುವವರು,
ಗುಡ್ಡ ಹತ್ತುವವರಲ್ಲ.

ಆಮೇಲಿನದು ಸೆರಿಫೋಸಿನ ಮಕ್ಕಳಿಗೂ ಬಾಯಿಪಾಠ.
ಡನಾಯೆಯ ಮಗ ಬಂದ, ಚೀಲ ಬಿಚ್ಚಿದ,
ಹಾವುಗೂದಲ ತಲೆ ಎತ್ತಿ ಹಿಡಿದ.
ದೊರೆ ಪೊಲಿಡೆಕ್ಟಿಸ್ ನಕ್ಕ ಬಾಯಿ ಮುಚ್ಚುವ ಮೊದಲೇ ಕಲ್ಲು,
ಎಡಬಲದವರು ಕಲ್ಲು,
ತಟ್ಟೆಯ ಮೀನಿಗೆ ಚಾಚಿದ ಬೆರಳು ಕಲ್ಲು.
ಮೀನು ಮಾತ್ರ ಮೀನಾಗಿಯೇ ಉಳಿದು
ಮೂರನೇ ದಿನ ನಾತ ಹೊಡೆಯಿತು.
ಇದನ್ನು ಯಾರೂ ಹಾಡುವುದಿಲ್ಲ.

ನಮ್ಮನ್ನು ಒಳಗೆ ಬಿಟ್ಟದ್ದು ಆಗಲೇ.
ಮೆಲಿಟ್ಟಳನ್ನು ಸೊಂಟದ ಮೇಲೆ ಹೊತ್ತು
ಕಲ್ಲುಗಳ ನಡುವೆ ಗಂಡನನ್ನು ಹುಡುಕಿದೆ,
ಸಂತೆಯಲ್ಲಿ ಹುಡುಕಿದ ಹಾಗೆ.
ಎಲ್ಲರ ಮುಖವೂ ಒಂದೇ ಕಡೆಗೆ, ಹುಬ್ಬು ನೆತ್ತಿಗೆ;
ಹೆದರಿದವರೆಲ್ಲ ಒಂದೇ ತಾಯಿಯ ಮಕ್ಕಳ ಹಾಗೆ.
ಕಂಬದ ಪಕ್ಕ ಇವನು.
ಹೂಜಿ ಮಣ್ಣಿನದೇ, ಬಾಗಿಯೇ ಇದೆ; ಹಿಡಿದ ಕೈ ಕಲ್ಲು.
ಬಟ್ಟಲು ತುಂಬಿ, ಹರಿದು, ನೆಲದಲ್ಲಿ ಒಣಗಿದ ಕೆಂಪು.
ಇಡೀ ಸಭೆಯಲ್ಲಿ
ಇವನೊಬ್ಬ ಪ್ರೀತಿಯಿಂದ ನಗುತ್ತಿದ್ದ.

ಬಡಿಸುವವನ ಕಣ್ಣು ಬಟ್ಟಲು ಬಿಟ್ಟು ಏಳಬಾರದು:
ಅವನೇ ಹೇಳುತ್ತಿದ್ದ ಪಾಠ.
ಏಳದಿದ್ದರೆ ಉಳಿಯುತ್ತಿದ್ದ.
ಆದರೆ ಬಾಗಿಲಲ್ಲಿ ಕೇಳಿದ್ದು ಗೊತ್ತಿದ್ದ ದನಿ.
ಬೆಸ್ತ ಡಿಕ್ಟಿಸನ ಮನೆಯಲ್ಲಿ ಬೆಳೆದ ಹುಡುಗ,
ನಮ್ಮ ಕಟ್ಟೆಯ ಮೇಲೆ ಕೂತು ಆಲಿವ್ ಬೀಜ ಉಗುಳಿದವನು.
ನೀರ ಮೇಲೆ ಕಲ್ಲು ಜಿಗಿಸುವುದನ್ನು
ಇವನೇ ಅವನಿಗೆ ಕಲಿಸಿದ್ದು.
ಏಳು ಜಿಗಿತ, ಎಂಟನೆಯದಕ್ಕೆ ಮುಳುಗು.
ಸತ್ತನೆಂದುಕೊಂಡ ಹುಡುಗ ಮರಳಿ ಬಂದಿದ್ದಾನೆ!
ತಲೆ ಎತ್ತಿದ.

ಹುಡುಗ ಮುಖ ಆಚೆ ತಿರುಗಿಸಿಕೊಂಡಿದ್ದನಂತೆ,
ತಾನು ಕಲ್ಲಾಗದಿರಲೆಂದು.
ಹಾಗಾಗಿ ಯಾರು ನಕ್ಕರೆಂದು ಅವನಿಗೆ ಗೊತ್ತೇ ಇಲ್ಲ.

ಆರ್ಗೋಸಿಗೆ ಹೊರಡುವ ಮುನ್ನ ಡನಾಯೆ ಬಂದಿದ್ದಳು.
ಪೆಟ್ಟಿಗೆಯೊಳಗೆ ಕೂಸನ್ನು ಅವುಚಿ ಸಮುದ್ರ ದಾಟಿದವಳು,
ಕತ್ತಲೆಂದರೇನು ಬಲ್ಲವಳು.
ಜೇನಿನ ಗಡಿಗೆ ಇಟ್ಟು
ನನ್ನ ಕೈಗಳನ್ನೇ ನೋಡುತ್ತ ಕೂತಳು.
ಬೈಯಬೇಕೆಂದು ಎಷ್ಟೋ ದಿನದಿಂದ ಕೂಡಿಟ್ಟ ಮಾತಿತ್ತು.
ಕುಡಿಯಲು ನೀರು ಕೊಟ್ಟೆ.

ಹೋದ ವರ್ಷ ನಕ್ಸೋಸಿನಿಂದ ಒಬ್ಬ ಹಾಡುಗಾರ.
ಕುರುಡನಲ್ಲ, ಕುರುಡರಂತೆ ನಡೆಯಲು ಕಲಿತವನು.
ದುಷ್ಟರೆಲ್ಲ ಕಲ್ಲಾದರು ಎಂದು ತಂತಿ ಮೀಟಿದಾಗ ಎದ್ದು ನಿಂತೆ:
ಲೈಕಿಸ್ಕೋಸ್ ಅಂತ ಒಬ್ಬನಿದ್ದ, ಒಂದು ಸಾಲು ಸೇರಿಸು.
ಬೆರಳ ಮೇಲೆ ಎಣಿಸಿದ. ಮತ್ತೆ ಎಣಿಸಿದ.
ಕೂರುವುದಿಲ್ಲ ತಾಯಿ, ಒಂದು ಮಾತ್ರೆ ಹೆಚ್ಚು, ಅಂದ.
ಸುಳ್ಳಾಡಲಿಲ್ಲ, ಪಾಪ; ನಿಜವಾಗಿಯೂ ಎಣಿಸಿದ.

ಈಗ ಡಿಕ್ಟಿಸನೇ ದೊರೆ. ಒಳ್ಳೆಯವನು.
ಬಂದರಿನ ಗೋಡೆಗೆ ಕಲ್ಲು ಸಾಲದು, ಆದರೂ ಇವನ್ನು ಮುಟ್ಟಿಸಿಲ್ಲ.
ಚಾವಣಿ ಕುಸಿದಿದೆ, ಮಳೆ ನೇರ ಬೀಳುತ್ತದೆ,
ಬಾಗಿದ ಹೂಜಿಯಲ್ಲಿ ಗುಬ್ಬಿ ಮರಿ ಮಾಡಿದೆ.
ಹಬ್ಬದ ಹಿಂದಿನ ದಿನ ಸ್ಪಂಜು, ಬೂದಿ ಒಯ್ದು
ಹಕ್ಕಿಯ ಹಿಕ್ಕೆ ಉಜ್ಜುತ್ತೇನೆ, ಕಿವಿಯ ಹಿಂದಿನ ಪಾಚಿ ಕೆರೆಯುತ್ತೇನೆ.
ಯಾವ ಪಾದ ತಾಕಿದರೂ ಕಲ್ಲು ಕಲ್ಲೇ.
ನನ್ನದನ್ನೂ ತಾಕಿಸಿ ನೋಡಿದ್ದೇನೆ, ಸುಳ್ಳೇಕೆ.

ಮೆಲಿಟ್ಟ ಅಪ್ಪನಿಗೆ ಒತ್ತಿ ನಿಂತು ಎತ್ತರ ಅಳೆಯುತ್ತಾಳೆ.
ಮೊದಲು ತೊಡೆ, ಆಮೇಲೆ ಹೂಜಿ ಹಿಡಿದ ಮೊಣಕೈ.
ಈ ಸಲ ತುದಿಗಾಲಲ್ಲಿ ಕಿವಿ ಎಟುಕಿತು.
ಕೈ ಅಡ್ಡ ಹಿಡಿದು ಏನೋ ಉಸುರಿದಳು.
ಏನೇ ಅದು, ಅಂದೆ.
ಹೇಳಲಿಲ್ಲ.
ಇಳಿಜಾರಿನಲ್ಲಿ ನನಗಿಂತ ಮುಂದೆ ಓಡತೊಡಗಿದಳು.
ತೆಂಕಣ ಮೋಡ ಏರುತ್ತಿತ್ತು,
ಅಂಗಳದಲ್ಲಿ ಅಂಜೂರ ಹರವಿತ್ತು.