ಮುಚ್ಚಳದ ಬಾಲ

ಮೋಕ್ಪೋ ಬಂದರಿನ ಬದಿಗೆ ಕಿತ್ತಳೆ ಬಣ್ಣದ ಗುಡಾರದಂಗಡಿ.
ಹೊರಗೆ ಚಳಿ, ಒಳಗೆ ಆಕ್ಟೋಪಸ್ ಸಾರಿನ ಹಬೆ,
ನಾಲ್ಕು ಪ್ಲಾಸ್ಟಿಕ್ ಕುರ್ಚಿ, ಅದರಲ್ಲೊಂದು ಕುಂಟು.
ಅದರ ಮೇಲೆ ನಾನೇ ಕೂತೆ, ಯಾರೂ ಕೇಳುವ ಮೊದಲೇ.

ಸುಲ್ಗಿ ಅಂಗೈ ಚಾಚಿದಳು.
ನೀಲಿ ಪೆನ್ನಿನಲ್ಲಿ ಬರೆದುಕೊಂಡು ಬಂದಿದ್ದಾಳೆ ಆಟಗಳ ಪಟ್ಟಿ;
ಹಡಗು ಟಿಕೇಟಿನ ಕಿಟಕಿಯಲ್ಲಿ ಕೂತು
ಮಧ್ಯಾಹ್ನವಿಡೀ ಇದೇ ಕೆಲಸ.
"ಎರಡು ಜೋಡಿಗೆ ಯಾವುದು ಸರಿ ಅಂತ ಎಂಟು ಜನರನ್ನು ಕೇಳಿದೆ.
ಎಂಟು ಬಾಯಿ, ಎಂಟು ಮಾತು."

ಮೊದಲನೆಯದು: ಬಿಯರಿನ ಲೋಟದಲ್ಲಿ ಪುಟ್ಟ ಬಟ್ಟಲು ತೇಲಿಬಿಟ್ಟು
ಸರದಿಯಂತೆ ಸೋಜು ಹನಿಸುವುದು.
ಯಾರ ಕೈಯಲ್ಲಿ ಮುಳುಗುತ್ತದೋ ಅವರು ಅಷ್ಟನ್ನೂ ಎತ್ತಬೇಕು.
"ಬೇಡ," ಅಂದೆ, "ನನ್ನ ಕೈ ನಡುಗುತ್ತೆ."
ನಡುಗುವ ಕೈ ನನ್ನದಲ್ಲ.

ಎರಡನೆಯದು: ಮೂರು, ಆರು, ಒಂಬತ್ತು ಬಂದರೆ
ಬಾಯಿ ಮುಚ್ಚಿ ಚಪ್ಪಾಳೆ.
"ಲೆಕ್ಕ ಬೇಡ ಮಾರಾಯ್ತಿ, ಹೊಟ್ಟೆಪಾಡೇ ಅದು,"
ಅಂದ ತೇಸಿಕ್, ಮಂಜುಗಡ್ಡೆ ಕಾರ್ಖಾನೆಯ ಗುಮಾಸ್ತ.
ಅವನಿಗೆ ಗೊತ್ತಿಲ್ಲ, ನನಗೆ ಉಪಕಾರ ಮಾಡಿದ.

ಮೂರನೆಯದು: ನಿಜ ಹೇಳು, ಇಲ್ಲವೇ ಕುಡಿ.
ಓದುವಾಗಲೇ ಸುಲ್ಗಿಯ ಹುಬ್ಬು ಕುಣಿಯಿತು.
ಜೋಡಿಗಳಿಗೆ ಹೇಳಿ ಮಾಡಿಸಿದ್ದಂತೆ:
ಮೊದಲ ಮುತ್ತು ಎಲ್ಲಿ, ಮೊದಲ ಸುಳ್ಳು ಯಾವುದು.
ನಾನು ಒಣಮೀನು ಹರಿಯುತ್ತ ಕೂತೆ
ಎಳೆ ಎಳೆಯಾಗಿ, ಇನ್ನೂ ಸಣ್ಣ ಎಳೆಯಾಗಿ,
ಹರಿಯಲು ಏನೂ ಉಳಿಯುವವರೆಗೆ ಅಲ್ಲ, ಉಳಿಯದ ಮೇಲೂ.

ಇನ್ಹೋ ಮೇಜಿನ ಕೆಳಗೆ ನನ್ನ ಮೊಣಕಾಲು ಮುಟ್ಟಿ
ಮೇಜಿನ ಮೇಲೆ ಬಾಯಿ ಬಿಟ್ಟ:
"ನಾನು ಕುಡಿಯೋದಿಲ್ಲ.
ಬಿಟ್ಟು ಹದಿನಾಲ್ಕು ತಿಂಗಳು, ಒಂಬತ್ತು ದಿನ."

ಗುಡಾರದ ಬಟ್ಟೆ ಗಾಳಿಗೆ ಪಟಪಟ.
ಪಕ್ಕದ ಮೇಜಿನಲ್ಲಿ ಯಾರೋ ಗೆದ್ದರು, ಯಾರೋ ಸೋತು ಗೋಳಿಟ್ಟರು.
ಸುಲ್ಗಿ ಅಂಗೈ ಮಡಚಿದಳು,
ಪರೀಕ್ಷೆಯಲ್ಲಿ ಸಿಕ್ಕಿಬಿದ್ದ ಕಾಪಿ ಚೀಟಿಯ ಹಾಗೆ.
ನನಗೆ ಸಿಟ್ಟು ಬಂತು, ಯಾರ ಮೇಲೋ.
ಮೊದಲೇ ಹೇಳಬಹುದಿತ್ತು ನಾನು.
ಹೇಳಿದ್ದರೆ ನಮ್ಮನ್ನು ಕರೆಯುತ್ತಿರಲಿಲ್ಲವೇನೋ.

ಅಂಗಡಿಯ ಅಜ್ಜಿಗೆ ಕಣ್ಣು ಮಂಜು, ಕಿವಿ ಚುರುಕು.
"ಸೋತವರು ಏನು ಕುಡೀಬೇಕು ಅಂತ ಸರ್ಕಾರ ಬರೆದಿದೆಯಾ?"
ಸೌಟು ಹಿಡಿದೇ ಬಂದು ಕುಕ್ಕಿದಳು ಒಂದು ಬೋಗುಣಿ:
ಮೂರು ವಾರ ಹುಳಿತ ಮೂಲಂಗಿ ಕಿಮ್ಚಿಯ ಕೆಂಪು ರಸ.
ಘಾಟಿಗೆ ಸತ್ತವರೂ ಎದ್ದು ಕೂರಬೇಕು.
ತೇಸಿಕ್‌ನ ಮುಖ ಆಡುವ ಮೊದಲೇ ಸೋತಿತ್ತು.

ಆಟ, ಪಟ್ಟಿಯಲ್ಲಿಲ್ಲದ್ದು.
ಪಕ್ಕದ ಮೇಜಿನವರ ಸೋಜು ಬಾಟಲಿಯ ಮುಚ್ಚಳ ಬೇಡಿ ತಂದೆವು.
ಅಂಚಿನ ತಗಡಿನ ಬಾಲವನ್ನು ಹುರಿಮಾಡಿ
ಬೆರಳಿಂದ ಚಿಮ್ಮುವುದು.
ಬಾಲ ಹಾರಿಸಿದವನು ಪಾರು, ಅಕ್ಕಪಕ್ಕದವರಿಗೆ ಬೋಗುಣಿ.

ಇನ್ಹೋ ಮುಚ್ಚಳವನ್ನು ಬೆಳಕಿಗೆ ಹಿಡಿದ,
ದೋಣಿಯ ಇಂಜಿನ್ನು ಬಿಚ್ಚುವವನ ಕಣ್ಣಲ್ಲಿ ಅಳೆದ.
"ಆಗೆಲ್ಲ," ಅಂದ, ಯಾರನ್ನೂ ನೋಡದೆ,
"ಬೇಕೆಂದೇ ಸೋಲುತ್ತಿದ್ದೆ.
ಸೋತರೆ ತಾನೇ ಲೋಟ ಸಿಗೋದು.
ಗೆಲ್ಲೋದು ಕಲಿತೇ ಇಲ್ಲ."

ಉಗುರು ತಪ್ಪಿತು.
ಸುಲ್ಗಿ ಚಿಮ್ಮಿದಾಗ ಬಾಲ ಬಾಗಿತು.
ತೇಸಿಕ್ ಚಿಮ್ಮಿದ್ದು ಮುಚ್ಚಳ ಸಮೇತ ಸಾರಿಗೆ ಬಿತ್ತು, ಚಮಚದಲ್ಲಿ ತೆಗೆದೆವು.
ನನ್ನ ಸರದಿಗೆ ಕೂದಲೆಳೆಯಲ್ಲಿ ನೇತಾಡಿತು.
ಮತ್ತೆ ಇನ್ಹೋ.
ಹಲ್ಲಿನ ಸಂದಿಯಲ್ಲಿ ನಾಲಿಗೆ ಕಚ್ಚಿ,
ನಡುಗುವ ಕೈಯನ್ನು ನಡುಗಲೆಂದೇ ಬಿಟ್ಟು
ಟಣ್!
ಬಾಲ ಅಜ್ಜಿಯ ಒಲೆಯ ಹಿಂದೆಲ್ಲೋ ಮಾಯ.

ಕುರ್ಚಿ ಕೆಡವಿಕೊಂಡು ಎದ್ದ,
ನಲವತ್ತೊಂಬತ್ತರ ಗಂಡಸು, ಗೋಲಿ ಗೆದ್ದ ಹುಡುಗ.
ನಿಯಮವೆಂದರೆ ನಿಯಮ.
ಸುಲ್ಗಿ ಮೂಗು ಹಿಡಿದು ಅರ್ಧ, ನಾನು ಉಳಿದರ್ಧ;
ಬೆಳ್ಳುಳ್ಳಿ, ಹುಳಿ, ಕಿವಿಯವರೆಗೂ ಬೆಂಕಿ.
ಕಣ್ಣೀರು ಯಾವುದಕ್ಕೆಂದು ಯಾರೂ ಕೇಳಲಿಲ್ಲ, ಒಳ್ಳೆಯದಾಯಿತು.

"ಇನ್ನೊಂದಾಟ?"
ಹೊಸ ಮುಚ್ಚಳ ಬೇಕಿತ್ತು. ಇನ್ಹೋ ತಾನೇ ಹೊರಟ.
ಅವರು ನಗುತ್ತ ತುಂಬಿದ ಲೋಟ ಚಾಚಿದರು.
ನಾವು ಮೂವರೂ ನೋಡದವರಂತೆ ನೋಡಿದೆವು.

ಮುಚ್ಚಳ ಮಾತ್ರ ತಂದ.